ಕಾಯುವ ಹೊತ್ತಿನ ಸಾಕ್ಷ್ಯ: ಫ್ರೆಡರಿಕ್ ವೈಸ್‌ಮನ್ ಅವರ ವೀಕ್ಷಣಾ ವಿಧಾನ

ನಿರೂಪಕನ ದನಿ, ಸಂದರ್ಶನ, ಹಿನ್ನೆಲೆ ಸಂಗೀತ ಇವು ಯಾವುವೂ ಇಲ್ಲದ ಸಾಕ್ಷ್ಯಚಿತ್ರವನ್ನು ತಟಸ್ಥವೆಂದು ಕರೆಯುವುದು ರೂಢಿ. ಅಮೆರಿಕದ ಸ್ವತಂತ್ರ ನಿರ್ದೇಶಕ ಫ್ರೆಡರಿಕ್ ವೈಸ್‌ಮನ್ ಅವರ ಚಿತ್ರಗಳನ್ನು ಈ ಅಳತೆಗೋಲಿನಿಂದ ಅಳೆದರೆ ಅವುಗಳ ಮುಖ್ಯ ಗುಣವೇ ಕೈತಪ್ಪುತ್ತದೆ. ಕಾನೂನು ಓದಿ, ಕಾನೂನನ್ನೇ ಬೋಧಿಸಿ ಸಿನಿಮಾಕ್ಕೆ ಬಂದ ಅವರು ‘ಹೈಸ್ಕೂಲ್’ (1968), ‘ಹಾಸ್ಪಿಟಲ್’ (1970) ಮುಂತಾದ ಚಿತ್ರಗಳಲ್ಲಿ ಸಂಸ್ಥೆಗಳ ದಿನಚರಿಯನ್ನು ಹಿಡಿದಿಟ್ಟರು. ಒಂದು ವ್ಯವಹಾರಕ್ಕೆ ತಗಲುವ ಹೊತ್ತನ್ನು ಪ್ರೇಕ್ಷಕನೂ ಅನುಭವಿಸುವಂತೆ ಮಾಡಿದ್ದರಲ್ಲಿ ಈ ಚಿತ್ರಗಳ ಶಕ್ತಿಯಿದೆ ಎಂಬುದು ಪ್ರಸ್ತುತ ಲೇಖನದ ವಾದ.

ನ್ಯೂಯಾರ್ಕಿನ ಸಮಾಜ ಕಲ್ಯಾಣ ಕಚೇರಿಯೊಂದನ್ನು ಕುರಿತ ‘ವೆಲ್‌ಫೇರ್’ (1975) ಇದಕ್ಕೆ ತಕ್ಕ ಆಧಾರ. ಈ ಕಪ್ಪು-ಬಿಳುಪು ಚಿತ್ರದ ಅವಧಿ 167 ನಿಮಿಷ. ನೆರವು ಕೇಳಿ ಬಂದವರನ್ನು ಒಂದು ಮೇಜಿನಿಂದ ಇನ್ನೊಂದಕ್ಕೆ ಕಳಿಸಲಾಗುತ್ತದೆ; ಕಾಗದವೊಂದು ಇಲ್ಲವೆಂದು ಮತ್ತೆ ಬರಲು ಹೇಳಲಾಗುತ್ತದೆ. ತಾಯಿಯ ಪರವಾಗಿ ಮಗಳೊಬ್ಬಳು ವಾದಿಸುವ ದೃಶ್ಯ ದೀರ್ಘವಾಗಿ ಸಾಗುತ್ತದೆ. ಅದರ ತಿರುಳನ್ನು ನಿರೂಪಕನೊಬ್ಬ ಎರಡೇ ವಾಕ್ಯಗಳಲ್ಲಿ ಹೇಳಬಹುದಿತ್ತು. ಆಗ ವಿಷಯ ತಿಳಿಯುತ್ತಿತ್ತು, ಆದರೆ ಹೇಳಿದ್ದನ್ನೇ ಹೇಳುತ್ತ ಹೋಗುವ ಬಡವರ ದಣಿವಾಗಲಿ, ನಿಯಮಕ್ಕೆ ಕಟ್ಟುಬಿದ್ದ ನೌಕರರ ದಣಿವಾಗಲಿ ತಿಳಿಯುತ್ತಿರಲಿಲ್ಲ. ಇಲ್ಲಿ ದೃಶ್ಯದ ಉದ್ದವೇ ಪುರಾವೆ: ಕಾಯಿಸುವುದು ಅಧಿಕಾರ ಚಲಾಯಿಸುವ ಒಂದು ಬಗೆ ಎಂಬುದನ್ನು ಅದು ತೋರಿಸಿಕೊಡುತ್ತದೆ.

ಸಂಕಲನವಾದ ಮೇಲೆ ಹೊತ್ತು ಯಥಾವತ್ತಾಗಿ ಉಳಿಯುವುದೆಲ್ಲಿ ಎಂಬ ಆಕ್ಷೇಪ ಸಹಜ. ಚಿತ್ರೀಕರಿಸಿದ್ದರಲ್ಲಿ ಬಹುಪಾಲನ್ನು ವೈಸ್‌ಮನ್ ಬಿಟ್ಟುಬಿಡುತ್ತಿದ್ದರು. ತಮ್ಮ ಚಿತ್ರಗಳು ವಸ್ತುನಿಷ್ಠವೆಂದು ಅವರು ಹೇಳಿಕೊಂಡವರೂ ಅಲ್ಲ. ಆದರೆ ಆಯ್ಕೆ ಇದೆಯೆಂದ ಮಾತ್ರಕ್ಕೆ ಸಾಕ್ಷ್ಯ ಸುಳ್ಳಾಗದು. ಇತಿಹಾಸಕಾರನೂ ದಾಖಲೆಗಳನ್ನು ಆಯ್ದುಕೊಳ್ಳುತ್ತಾನೆ. ಆಯ್ದದ್ದನ್ನು ಓದುಗ ಪರೀಕ್ಷಿಸಲು ಸಾಧ್ಯವೇ ಎಂಬುದು ಮುಖ್ಯ. ನೆರವು ಕೇಳುವವರು, ನೌಕರರು ಇಬ್ಬರ ಮಾತನ್ನೂ ಸಾಕಷ್ಟು ಹೊತ್ತು ಕೇಳಿಸುವ ದೃಶ್ಯ ಅಂಥ ಪರೀಕ್ಷೆಗೆ ಎಡೆಕೊಡುತ್ತದೆ. ಬಡತನದ ಕಾರಣಗಳನ್ನು ಈ ವಿಧಾನ ವಿವರಿಸುವುದಿಲ್ಲ ಎಂಬ ಟೀಕೆ ನಿಜ. ಅಂಕಿಅಂಶ, ಕಾನೂನಿನ ಇತಿಹಾಸಗಳಿಗೆ ಬೇರೆ ಬರವಣಿಗೆ ಬೇಕೇ ಬೇಕು. ಆದರೆ ಆ ಕಾನೂನು ಮನುಷ್ಯನ ಮೈಮೇಲೆ ಹೇಗೆ ಬಂದು ಬೀಳುತ್ತದೆ ಎಂಬುದನ್ನು ಅಂಕಿಅಂಶ ಹೇಳಲಾರದು.

ಚಿತ್ರೀಕರಣಕ್ಕೊಳಗಾದವರ ಒಪ್ಪಿಗೆಯ ಪ್ರಶ್ನೆ ಇದಕ್ಕಿಂತ ಕಠಿಣ. ಮ್ಯಾಸಚೂಸೆಟ್ಸ್ ರಾಜ್ಯದ ಬ್ರಿಜ್‌ವಾಟರ್‌ನ ಸೆರೆಮನೆ-ಮನೋರೋಗಾಲಯವನ್ನು ಚಿತ್ರಿಸಿದ ‘ಟಿಟಿಕಟ್ ಫಾಲೀಸ್’ (1967) ರೋಗಿಗಳ ಖಾಸಗಿತನದ ಹೆಸರಿನಲ್ಲಿ ಅದೇ ರಾಜ್ಯದಲ್ಲಿ ನಿರ್ಬಂಧಕ್ಕೊಳಗಾಯಿತು. ಸಾರ್ವಜನಿಕ ಪ್ರದರ್ಶನಕ್ಕೆ ಮುಕ್ತವಾದದ್ದು 1991ರಲ್ಲಿ. ನಿರಾಕರಿಸುವ ಶಕ್ತಿಯಿಲ್ಲದವರ ಬೆತ್ತಲೆತನವನ್ನು ತೋರಿಸುವ ಹಕ್ಕು ಯಾರಿಗಿದೆ ಎಂಬ ಪ್ರಶ್ನೆಯನ್ನು ಕಲೆಯ ಹೆಸರಿನಲ್ಲಿ ತಳ್ಳಿಹಾಕಲಾಗದು. ಆದರೆ ಆ ನಿರ್ಬಂಧ ರೋಗಿಗಳನ್ನು ಕಾಪಾಡಿದಷ್ಟೇ ಅವರನ್ನು ಹಾಗೆ ಇಟ್ಟಿದ್ದ ವ್ಯವಸ್ಥೆಯನ್ನೂ ಕಾಪಾಡಿತು. ಆದ್ದರಿಂದ ವೀಕ್ಷಣಾ ವಿಧಾನದ ನೈತಿಕತೆಯನ್ನು ಕ್ಯಾಮೆರಾ ಎಷ್ಟು ಮೌನವಾಗಿತ್ತು ಎಂಬುದರಿಂದ ನಿರ್ಣಯಿಸಲಾಗದು. ಸಂಸ್ಥೆ ಕಿವಿಗೊಡದ ಮನುಷ್ಯನಿಗೆ ಚಿತ್ರ ಎಷ್ಟು ಹೊತ್ತು ಕಿವಿಗೊಟ್ಟಿತು, ಅವನ ಅಸಹಾಯಕತೆಯನ್ನು ತೋರಿಸುವಾಗ ಅದಕ್ಕೆ ಕಾರಣವಾದ ಅಧಿಕಾರವನ್ನೂ ಚೌಕಟ್ಟಿನೊಳಗೆ ತಂದಿತೇ ಎಂಬ ಎರಡು ಪ್ರಶ್ನೆಗಳನ್ನು ಪ್ರತಿ ದೃಶ್ಯಕ್ಕೂ ಕೇಳಬೇಕು.