ಪತ್ರದ ಹಿಂದಿನ ಲೆಕ್ಕ: ಸೊಲ್ಲಾಪುರದ ರೈತ ಮತ್ತು 1879ರ ಕಾಯಿದೆ

ಸೊಲ್ಲಾಪುರದ ಇತಿಹಾಸವೆಂದರೆ ನಾವು ಸಿದ್ಧರಾಮರ ಕೆರೆಯನ್ನು, ಗಿರಣಿಗಳನ್ನು, 1930ರ ಮಾರ್ಷಲ್ ಲಾವನ್ನು ನೆನೆಯುತ್ತೇವೆ. ಇಲ್ಲಿನ ಒಕ್ಕಲಿನ ಸಾಲದ ಕಥೆಯನ್ನು ಮಾತ್ರ ಸಭೆಗಳಲ್ಲಿ ಯಾರೂ ಎತ್ತುವುದಿಲ್ಲ.

ಅಮೆರಿಕೆಯ ಅಂತರ್ಯುದ್ಧದ ಕಾಲದಲ್ಲಿ ಹತ್ತಿಯ ಬೆಲೆ ಏರಿದಾಗ ಸಾವಕಾರರು ಧಾರಾಳವಾಗಿ ಸಾಲ ಕೊಟ್ಟರು. 1865ರಲ್ಲಿ ಯುದ್ಧ ಮುಗಿಯಿತು. ಬೆಲೆ ಇಳಿಯಿತು, ಸಾಲ ಉಳಿಯಿತು. 1859ರ ಕಾಲಮಿತಿ ಕಾಯಿದೆಯು ನೋಂದಣಿಯಾಗದ ಸಾಲಪತ್ರಕ್ಕೆ ಮೂರು ವರ್ಷಗಳ ಗಡುವು ವಿಧಿಸಿತ್ತು. ರೈತನಿಗೆ ನೆರವಾಗಬೇಕಿದ್ದ ಆ ಗಡುವೇ ಅವನಿಗೆ ಮುಳುವಾಯಿತು. ಗಡುವು ತೀರುವ ಮುನ್ನ ಬಡ್ಡಿಯನ್ನು ಅಸಲಿಗೆ ಸೇರಿಸಿ ಹೊಸ ಪತ್ರ ಬರೆಸಿಕೊಳ್ಳುವುದು ರೂಢಿಯಾಯಿತು. ನ್ಯಾಯಾಲಯವು ಪತ್ರದ ಮೇಲಿನ ಅಂಕಿಯನ್ನಷ್ಟೇ ನೋಡುತ್ತಿತ್ತು. ರೈತನು ಹಾಜರಾಗದಿದ್ದರೆ ಏಕಪಕ್ಷೀಯ ಡಿಕ್ರಿ. 1875ರ ಮೇ 12ರಂದು ಪುಣೆ ಜಿಲ್ಲೆಯ ಸುಪೆಯಲ್ಲಿ ದಂಗೆಯೆದ್ದ ರೈತರು ಹುಡುಕಿದ್ದು ಈ ಪತ್ರಗಳನ್ನೇ, ಸಿಕ್ಕವನ್ನು ಸುಟ್ಟರು.

ಸರ್ಕಾರವು ಆಯೋಗ ನೇಮಿಸಿತು. ನಾಲ್ಕು ವರ್ಷಗಳ ಬಳಿಕ ದಖ್ಖನ್ ಕೃಷಿಕರ ಪರಿಹಾರ ಕಾಯಿದೆ ಬಂದಿತು. ಪುಣೆ, ಸಾತಾರಾ, ಅಹಮದನಗರಗಳೊಡನೆ ಸೊಲ್ಲಾಪುರ ಜಿಲ್ಲೆಯೂ ಅದರೊಳಗಿತ್ತು; ಸಂಸ್ಥಾನಗಳಾಗಿದ್ದ ಅಕ್ಕಲಕೋಟೆ, ಜತ್ತಗಳಿಗೆ ಅದು ತಾನಾಗಿ ಅನ್ವಯಿಸುತ್ತಿರಲಿಲ್ಲ. ಈಗ ನ್ಯಾಯಾಧೀಶನು ಪತ್ರವನ್ನು ಬದಿಗಿಟ್ಟು ಮೊದಲ ಕೈಗಡದಿಂದಲೇ ಲೆಕ್ಕ ಬಿಚ್ಚಬಹುದಾಗಿತ್ತು. ಲೆಕ್ಕ ಹಾಕುವಾಗ ಬಡ್ಡಿಯು ಅಸಲನ್ನು ಮೀರದಂತೆ ದಾಮದುಪ್ಪಟ್ಟಿನ ಹಳೆಯ ನ್ಯಾಯವೂ ಕಾಯಿದೆಯ ಪುಟ ಸೇರಿತು. ಸಾಲಕ್ಕಾಗಿ ರೈತನನ್ನು ಸೆರೆಗೆ ಹಾಕುವುದು ನಿಂತಿತು. ನಮಗೆ ಹೆಚ್ಚು ಮೆಚ್ಚಿಗೆಯಾದುದು ರಾಜಿಗಾರನ ಏರ್ಪಾಡು: ಅವನ ಮುಂದೆ ಹೋಗಿ ಪ್ರಮಾಣಪತ್ರ ತರದೆ ದಾವೆ ಹೂಡುವಂತಿರಲಿಲ್ಲ, ಅಲ್ಲಿ ಆದ ಒಪ್ಪಂದವು ನ್ಯಾಯಾಲಯಕ್ಕೆ ಸಲ್ಲಿಕೆಯಾದರೆ ಡಿಕ್ರಿಯ ಬಲ ಪಡೆಯುತ್ತಿತ್ತು.

ಸಾವಕಾರರೂ ಸುಮ್ಮನಿರಲಿಲ್ಲ. ಗಹಾಣದ ಬದಲು ಖರೀದಿಪತ್ರ ಬರೆಸಿಕೊಳ್ಳತೊಡಗಿದರು. ಬಾಯಿಮಾತಿನಲ್ಲಿ ಒತ್ತೆ, ಕಾಗದದಲ್ಲಿ ಮಾರಾಟ. ಬಾಯಿಮಾತಿನ ಸಾಕ್ಷ್ಯಕ್ಕೆ ಅವಕಾಶ ಕೊಡಲು ಕಾಯಿದೆಯನ್ನು ಮತ್ತೆ ತಿದ್ದಬೇಕಾಯಿತು.

ಇಂದಿನ ಬ್ಯಾಂಕಿನ ನಿಯಮ ಬೇರೆ. 2002ರ ಸರ್ಫೇಸಿ ಕಾಯಿದೆಯು ನ್ಯಾಯಾಲಯಕ್ಕೆ ಹೋಗದೆಯೇ ಒತ್ತೆಯ ಆಸ್ತಿಯನ್ನು ವಶಕ್ಕೆ ಪಡೆಯುವ ಅಧಿಕಾರವನ್ನು ಬ್ಯಾಂಕಿಗೆ ಕೊಟ್ಟಿತು, ಕೃಷಿಭೂಮಿಯನ್ನು ಹೊರಗಿಟ್ಟಿತು. ಸಾಲಗಾರನು ತಕರಾರು ಹೂಡಲು ಮುಕ್ಕಾಲು ಪಾಲು ಹಣ ಕಟ್ಟಬೇಕೆಂಬ ಷರತ್ತನ್ನು 2004ರಲ್ಲಿ ಸರ್ವೋಚ್ಚ ನ್ಯಾಯಾಲಯ ರದ್ದುಗೊಳಿಸಿತು. ಆದರೆ ಒಂದೇ ಕಂತಿನ ರಾಜಿಯನ್ನು ಸಾಲಗಾರನು ಹಕ್ಕೆಂದು ಕೇಳಲಾಗದೆಂದು 2021ರಲ್ಲಿ ಅದೇ ನ್ಯಾಯಾಲಯ ಹೇಳಿತು.

ನಮ್ಮ ಮನೆಯ ಟ್ರಂಕಿನಲ್ಲಿಯೂ ಮೋಡಿ ಲಿಪಿಯ ಒಂದು ಖರೀದಿಪತ್ರವಿದೆ. ಕನ್ನಡವನ್ನಷ್ಟೇ ಬಲ್ಲ ನಮ್ಮ ಮುತ್ಯಾ ಅದನ್ನು ಗಹಾಣವೆಂದೇ ನಂಬಿ ಹೆಬ್ಬೆಟ್ಟು ಒತ್ತಿದ್ದರು. ಮುಂದೆ ದಾವೆ ನಡೆದು, ಕಡೆಗೆ ರಾಜಿಯಾಗಿ, ಎಂಟೆಕರೆಯಲ್ಲಿ ಮೂರೆಕರೆ ಮರಳಿತು. ತಂದೆಯವರು ಅದನ್ನು ಕೊನೆಯವರೆಗೂ ಸೋಲೆಂದೇ ಕರೆದರು. ಆ ಮೂರೆಕರೆಯ ಜೋಳದಲ್ಲಿಯೇ ನಾವು ಬಿ.ಎ. ಮುಗಿಸಿದೆವು.