ಬಿಜ್ಜಳನ ಕೊಲೆ ಮತ್ತು ಕಿರುತೆರೆ

ಬಸವನ ಬಾಗೇವಾಡಿಯ ಬಸವಣ್ಣನವರ ಕಥೆಯನ್ನು ಕಿರುತೆರೆಗೆ ತರುವವರು, ಅವರು ಮಂತ್ರಿಯಾಗಿದ್ದ ಕಲ್ಯಾಣದ ಅರಸ ಬಿಜ್ಜಳನ ಕೊಲೆಗಾರ ಇಂಥವನೇ ಎಂದು ತೀರ್ಪು ಕೊಡಬಾರದು. 1167ರಲ್ಲಿ ಬಿಜ್ಜಳ ಮಗ ಸೋವಿದೇವನಿಗೆ ಪಟ್ಟ ಬಿಟ್ಟುಕೊಟ್ಟ, ಆಮೇಲಿನದು ಮಬ್ಬು. 1584ರಲ್ಲಿ ವಿರೂಪಾಕ್ಷ ಪಂಡಿತ ಬರೆದ ‘ಚೆನ್ನಬಸವ ಪುರಾಣ’ ಕೊಲೆಯನ್ನು ಶರಣ ಜಗದೇವ ಮತ್ತವನ ಸಂಗಡಿಗರ ಶೌರ್ಯವೆನ್ನುತ್ತದೆ. ಜೈನರ ‘ಬಿಜ್ಜಳರಾಯ ಚರಿತೆ’ಯಲ್ಲಿ ಭೀಮಾತೀರದ ಬೀಡಿಗೆ ಬಂದ ವಿಷದ ಹಣ್ಣೇ ಸಾವಿಗೆ ಕಾರಣ, ಸಂಚು ಬಸವಣ್ಣನವರದು. ಒಂದಕ್ಕೆ ಅಭಿಮಾನ, ಇನ್ನೊಂದಕ್ಕೆ ಹಗೆ; ಎರಡೂ ಕಣ್ಣಾರೆ ಕಂಡವರ ಸಾಕ್ಷ್ಯವಲ್ಲ.

ಕೊಲೆಗಾರನಿಲ್ಲದ ಧಾರಾವಾಹಿಯನ್ನು ಯಾರು ನೋಡುತ್ತಾರೆ, ಕಾರ್ನಾಡರ ‘ತಲೆದಂಡ’ದಲ್ಲೂ ಜಗದೇವನೇ ಇರಿಯುತ್ತಾನಲ್ಲ ಎನ್ನಬಹುದು. ಆದರೆ ರಂಗಮಂದಿರಕ್ಕೆ ಬಂದವರಿಗೆ ತಾವು ನೋಡುತ್ತಿರುವುದು ನಾಟಕವೆಂಬ ಅರಿವಿರುತ್ತದೆ. ಇಂಡಿ, ಸಿಂದಗಿ, ಮುದ್ದೇಬಿಹಾಳದ ಪಡಸಾಲೆಗಳಲ್ಲಿ ದಿನಾ ಸಂಜೆ ಕಂಡದ್ದು ಚರಿತ್ರೆಯಾಗಿಯೇ ಬೇರೂರುತ್ತದೆ. ಹಾಗಾಗಿ ಎರಡೂ ಸಾವುಗಳನ್ನು ತೋರಿಸಲಿ, ಯಾರು ಯಾವಾಗ ಹೇಳಿದರೆಂಬುದನ್ನೂ ಅಲ್ಲೇ ತಿಳಿಸಲಿ.