ಇಂಡೊನೇಷ್ಯಾದ ಯುವ ಫ್ಯಾಷನ್

ಇಂಡೊನೇಷ್ಯಾದ ನಗರಗಳ ಯುವಜನರಲ್ಲಿ 1990ರ ದಶಕದಿಂದ ಬೆಳೆದುಬಂದ ಉಡುಪಿನ ರೂಢಿಗಳು. ಬಾಂಡುಂಗ್‌ನ ಸಣ್ಣ ಅಂಗಡಿಗಳಲ್ಲಿ ಮೊದಲುಗೊಂಡು ಇಂಟರ್‌ನೆಟ್ ಮೂಲಕ ದೇಶದಾದ್ಯಂತ ಹಬ್ಬಿದ ಇವು ಧರ್ಮ, ವರ್ಗ, ರಾಜಕೀಯ ನಿಲುವುಗಳ ಗುರುತುಗಳೂ ಆಗಿವೆ.

ಡಿಸ್ಟ್ರೊ ಅಂಗಡಿಗಳು: ಬಾಂಡುಂಗ್‌ನ ಸ್ಕೇಟ್‌ಬೋರ್ಡ್, ಪಂಕ್ ಮತ್ತು ಮೆಟಲ್ ಸಂಗೀತದ ಗುಂಪುಗಳಿಗೆ ವಿದೇಶಿ ಟೀ ಶರ್ಟು ದುಬಾರಿಯಾಗಿತ್ತು. 1997ರ ಆರ್ಥಿಕ ಬಿಕ್ಕಟ್ಟಿನಲ್ಲಿ ರುಪಿಯಾ ಕುಸಿದ ಮೇಲೆ ಅದು ಕೈಗೆಟುಕದಂತಾಯಿತು. ಜವಳಿ ಉದ್ಯಮಕ್ಕೆ ಹೆಸರಾಗಿದ್ದ ಆ ಊರಿನಲ್ಲೇ ತಮ್ಮ ವಿನ್ಯಾಸಗಳನ್ನು ಕಡಿಮೆ ಸಂಖ್ಯೆಯಲ್ಲಿ ಹೊಲಿಸಿ ಮಾರುವ 'ಡಿಸ್ಟ್ರೊ' ಅಂಗಡಿಗಳು ಹೆಚ್ಚಿದವು. 1996ರಲ್ಲಿ ಆರಂಭವಾದ '347' ಇವುಗಳಲ್ಲಿ ಪ್ರಸಿದ್ಧ.

ಹಿಜಾಬ್: ಅಧ್ಯಕ್ಷ ಸುಹಾರ್ತೊ ಆಡಳಿತದಲ್ಲಿ 1982ರ ಸಮವಸ್ತ್ರ ನಿಯಮದಿಂದಾಗಿ ಸರ್ಕಾರಿ ಶಾಲೆಗಳಲ್ಲಿ ಹಿಜಾಬಿಗೆ ಆಸ್ಪದವಿರಲಿಲ್ಲ, 1991ರಲ್ಲಿ ಅನುಮತಿ ದೊರೆಯಿತು. 2010ರಲ್ಲಿ ಜಕಾರ್ತದಲ್ಲಿ 'ಹಿಜಾಬರ್ಸ್ ಕಮ್ಯುನಿಟಿ' ಸ್ಥಾಪನೆಯಾಯಿತು. ವಿನ್ಯಾಸಕಿ ಡಿಯಾನ್ ಪೆಲಾಂಗಿ ಮೊದಲಾದವರು ಬ್ಲಾಗ್, ಇನ್‌ಸ್ಟಾಗ್ರಾಂಗಳಲ್ಲಿ ಬಣ್ಣಬಣ್ಣದ ಹಿಜಾಬ್ ಶೈಲಿಗಳನ್ನು ಜನಪ್ರಿಯಗೊಳಿಸಿದರು. ಎಲ್ಲ ಶೈಲಿಗಳಿಗೂ ಇಂಥ ಮನ್ನಣೆ ಸಿಗಲಿಲ್ಲ. ಷರಿಯಾ ಕಾನೂನು ಜಾರಿಯಲ್ಲಿರುವ ಆಚೆ ಪ್ರಾಂತದಲ್ಲಿ 2011ರ ಡಿಸೆಂಬರ್‌ನಲ್ಲಿ ಪೊಲೀಸರು 60ಕ್ಕೂ ಹೆಚ್ಚು ಪಂಕ್ ಯುವಜನರನ್ನು ಹಿಡಿದು, ಹುಡುಗರ ತಲೆ ಬೋಳಿಸಿದರು.

ಚಿತಾಯಮ್ ಫ್ಯಾಷನ್ ವೀಕ್: 2022ರ ಜುಲೈನಲ್ಲಿ ಡೆಪೊಕ್, ಚಿತಾಯಮ್, ಬೊಜೊಂಗ್‌ಗೆಡೆ ಮುಂತಾದ ಹೊರವಲಯಗಳ ಹದಿಹರೆಯದವರು ಲೋಕಲ್ ರೈಲಿನಲ್ಲಿ ಜಕಾರ್ತದ ಡುಕುಹ್ ಅತಾಸ್‌ಗೆ ಬಂದು, ಅಗ್ಗದ ಬಟ್ಟೆಗಳನ್ನು ತೊಟ್ಟು, ರಸ್ತೆ ದಾಟುವ ಜೀಬ್ರಾ ಪಟ್ಟೆಗಳ ಮೇಲೆಯೇ ಕ್ಯಾಟ್‌ವಾಕ್ ಮಾಡತೊಡಗಿದರು. ಟಿಕ್‌ಟಾಕ್ ವಿಡಿಯೊಗಳಿಂದ ಇದು ದೇಶದ ಗಮನ ಸೆಳೆಯಿತು. ಈ ಹೆಸರನ್ನು ಟ್ರೇಡ್‌ಮಾರ್ಕ್ ಮಾಡಿಕೊಳ್ಳಲು ನಟನೊಬ್ಬನ ಕಂಪನಿ ಅರ್ಜಿ ಹಾಕಿ, ಟೀಕೆಗೆ ಮಣಿದು ಹಿಂತೆಗೆದುಕೊಂಡಿತು. ಸಂಚಾರಕ್ಕೆ ಅಡ್ಡಿಯೆಂದು ಅಧಿಕಾರಿಗಳು ಗುಂಪನ್ನು ಚದುರಿಸಿದರು. ಕಚೇರಿ ಕಟ್ಟಡಗಳ ಈ ಪ್ರದೇಶದಲ್ಲಿ ಬಡ ಹೊರವಲಯದ ಮಕ್ಕಳಿಗೂ ಹಕ್ಕಿದೆಯೇ ಎಂಬ ಚರ್ಚೆ ಇದರಿಂದ ಎದ್ದಿತು.

ಮಾರುಕಟ್ಟೆ: ಬಳಸಿದ ಬಟ್ಟೆಗಳ ಆಮದನ್ನು 2015ರ ವಾಣಿಜ್ಯ ಸಚಿವಾಲಯದ ನಿಯಮ ನಿಷೇಧಿಸಿತ್ತಾದರೂ ಯುವಜನರಲ್ಲಿ ಅವುಗಳ ಬೇಡಿಕೆ ತಗ್ಗಲಿಲ್ಲ. ದೇಶಿ ಜವಳಿ ಉದ್ಯಮದ ಒತ್ತಾಯದ ನಡುವೆ 2023ರಲ್ಲಿ ಸರ್ಕಾರ ದಾಳಿಗಳನ್ನು ಬಿಗಿಗೊಳಿಸಿತು. ಅದೇ ವರ್ಷದ ಅಕ್ಟೋಬರ್‌ನಲ್ಲಿ ಸಾಮಾಜಿಕ ಜಾಲತಾಣಗಳಲ್ಲಿ ನೇರ ಮಾರಾಟವನ್ನು ತಡೆದ ಹೊಸ ನಿಯಮದಿಂದಾಗಿ ಟಿಕ್‌ಟಾಕ್ ಶಾಪ್ ಮುಚ್ಚಿ, ಡಿಸೆಂಬರ್‌ನಲ್ಲಿ ದೇಶದ ಆನ್‌ಲೈನ್ ಮಾರಾಟ ತಾಣ ಟೊಕೊಪೀಡಿಯಾ ಜೊತೆಗೂಡಿ ಮರಳಿತು.

ಪ್ರತಿಭಟನೆಯ ಬಣ್ಣಗಳು: 2025ರ ಆಗಸ್ಟ್ 28ರಂದು ಜಕಾರ್ತದ ಪ್ರತಿಭಟನೆಯ ವೇಳೆ ಪೊಲೀಸ್ ವಾಹನ ಹರಿದು ಬೈಕ್ ಟ್ಯಾಕ್ಸಿ ಚಾಲಕನೊಬ್ಬ ಸತ್ತ. ಆ ಚಾಲಕರ ಜಾಕೆಟ್ಟಿನ ಹಸಿರು, ಪೊಲೀಸರಿಗೆ ಎದುರು ನಿಂತ ಮಹಿಳೆಯೊಬ್ಬರ ಹಿಜಾಬಿನ ಗುಲಾಬಿ, ಈ ಎರಡೂ ಬಣ್ಣಗಳನ್ನು ಅಸಂಖ್ಯ ಜನ ತಮ್ಮ ಪ್ರೊಫೈಲ್ ಚಿತ್ರಗಳಿಗೆ ಬಳಿದುಕೊಂಡು ಪ್ರತಿಭಟನೆಗೆ ಬೆಂಬಲ ಸೂಚಿಸಿದರು.